ಕಾಲೇಜು ಆವರಣದಲ್ಲಿ ವಾಕ್ ಸ್ವಾತಂತ್ರ್ಯ, ಸಮಾನ ರಕ್ಷಣೆ: ಕಾನೂನು ಹೇಳುವುದೇನು?

ಹಾವೇರಿ: ಹಾನಗಲ್, ಶಿಗ್ಗಾವಿ, ಸವಣೂರು ಮತ್ತು ಹಿರೇಕೆರೂರು ಪಟ್ಟಣಗಳ ಕಾಲೇಜುಗಳಿಗೆ ಬರುವವರಲ್ಲಿ ಸುತ್ತಲಿನ ಹಳ್ಳಿಗಳ ವಿದ್ಯಾರ್ಥಿಗಳು ಬಹಳ. ಬೆಳಗಿನ ಸಾರಿಗೆ ಬಸ್ಸಿನಲ್ಲಿ ಬಂದು ಮಧ್ಯಾಹ್ನದ ಬಸ್ಸಿಗೆ ಮರಳುವ ಈ ಮಕ್ಕಳಿಗೆ ಒಂದು ಕಾಲೇಜಿನ ಬಾಗಿಲು ಮುಚ್ಚಿದರೆ ಇನ್ನೊಂದನ್ನು ಹುಡುಕುವ ಅವಕಾಶ ಕಡಿಮೆ. ಮಹಾನಗರದಲ್ಲಿ ಕಾಲೇಜು ಬದಲಿಸುವುದು ಒಂದು ಅನಾನುಕೂಲ ಮಾತ್ರ. ತಾಲ್ಲೂಕು ಕೇಂದ್ರದಲ್ಲಿ ಅದು ಅನೇಕ ವೇಳೆ ಓದಿನ ಕೊನೆ.

ಹೀಗಾಗಿ ಕಾಲೇಜಿನೊಳಗೆ ವಿದ್ಯಾರ್ಥಿ ಏನನ್ನು ಮಾತನಾಡಬಹುದು, ಏನನ್ನು ಧರಿಸಬಹುದು, ಯಾವುದನ್ನು ಪ್ರತಿಭಟಿಸಬಹುದು, ಅವಮಾನಕ್ಕೊಳಗಾದರೆ ಯಾರ ಬಳಿ ಹೋಗಬಹುದು ಎಂಬ ಪ್ರಶ್ನೆಗಳು ಕೇವಲ ನ್ಯಾಯಾಲಯದ ಚರ್ಚೆಗೆ ಸೀಮಿತವಲ್ಲ. ಕಳೆದ ಕೆಲವು ವರ್ಷಗಳಲ್ಲಿ ಕರ್ನಾಟಕದ ಕಾಲೇಜುಗಳೇ ಈ ಪ್ರಶ್ನೆಗಳ ಪರೀಕ್ಷಾ ಭೂಮಿಯಾಗಿವೆ. ಆ ಪ್ರಕರಣಗಳ ಹಿನ್ನೆಲೆ, ಕಾನೂನಿನ ಸ್ಥಿತಿ ಹಾಗೂ ಪರಿಹಾರದ ಮಾರ್ಗಗಳ ವಿವರ ಇಲ್ಲಿದೆ.

ಸಂವಿಧಾನದ ಎರಡು ಭರವಸೆಗಳು

ಸಂವಿಧಾನದ 14ನೇ ವಿಧಿಯು ಕಾನೂನಿನ ಮುಂದೆ ಸಮಾನತೆಯನ್ನೂ ಕಾನೂನಿನ ಸಮಾನ ರಕ್ಷಣೆಯನ್ನೂ ಒದಗಿಸುತ್ತದೆ. 15ನೇ ವಿಧಿಯು ಧರ್ಮ, ಜನಾಂಗ, ಜಾತಿ, ಲಿಂಗ ಅಥವಾ ಜನ್ಮಸ್ಥಳದ ಆಧಾರದ ಮೇಲೆ ಸರ್ಕಾರ ತಾರತಮ್ಯ ಮಾಡುವುದನ್ನು ನಿಷೇಧಿಸುತ್ತದೆ. ಸರ್ಕಾರಿ ಅಥವಾ ಅನುದಾನಿತ ಶಿಕ್ಷಣ ಸಂಸ್ಥೆಯಲ್ಲಿ ಧರ್ಮ, ಜನಾಂಗ, ಜಾತಿ, ಭಾಷೆಗಳ ಕಾರಣವೊಂದಕ್ಕಾಗಿಯೇ ಪ್ರವೇಶ ನಿರಾಕರಿಸುವಂತಿಲ್ಲ ಎಂಬುದು 29(2)ನೇ ವಿಧಿ.

19(1)(ಎ) ವಿಧಿಯು ಪ್ರತಿಯೊಬ್ಬ ಪ್ರಜೆಗೂ ವಾಕ್ ಮತ್ತು ಅಭಿವ್ಯಕ್ತಿ ಸ್ವಾತಂತ್ರ್ಯವನ್ನು ನೀಡಿದೆ. ಇದು ನಿರಂಕುಶವಲ್ಲ. ದೇಶದ ಸಾರ್ವಭೌಮತ್ವ ಮತ್ತು ಅಖಂಡತೆ, ರಾಜ್ಯದ ಭದ್ರತೆ, ವಿದೇಶಗಳೊಡನೆ ಸ್ನೇಹಸಂಬಂಧ, ಸಾರ್ವಜನಿಕ ಸುವ್ಯವಸ್ಥೆ, ಸಭ್ಯತೆ ಅಥವಾ ನೈತಿಕತೆ, ನ್ಯಾಯಾಂಗ ನಿಂದನೆ, ಮಾನಹಾನಿ, ಅಪರಾಧಕ್ಕೆ ಪ್ರಚೋದನೆ ಎಂಬ ಎಂಟು ಕಾರಣಗಳಿಗಾಗಿ ಸಮಂಜಸ ನಿರ್ಬಂಧ ವಿಧಿಸಲು 19(2)ನೇ ವಿಧಿ ಅವಕಾಶ ನೀಡುತ್ತದೆ. ಕೇಳಿದವರಿಗೆ ಬೇಸರವಾಯಿತು ಎಂಬ ಕಾರಣ ಈ ಪಟ್ಟಿಯಲ್ಲಿಲ್ಲ.

ಈ ಎರಡು ಹಕ್ಕುಗಳ ಇತಿಹಾಸ ಒಂದರೊಡನೊಂದು ಹೆಣೆದುಕೊಂಡಿರುವುದು ಕುತೂಹಲಕರ. ಮದರಾಸು ಪ್ರಾಂತ್ಯದ ವೈದ್ಯಕೀಯ, ಎಂಜಿನಿಯರಿಂಗ್ ಕಾಲೇಜುಗಳ ಸೀಟುಗಳನ್ನು ಜಾತಿವಾರು ಹಂಚುವ ಆದೇಶವನ್ನು ಚಂಪಕಂ ದೊರೈರಾಜನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1951ರ ಏಪ್ರಿಲ್‌ನಲ್ಲಿ ರದ್ದುಪಡಿಸಿತು. ಅದರ ಹಿಂದಿನ ವರ್ಷ ರೊಮೇಶ್ ಥಾಪರ್ ಪ್ರಕರಣದಲ್ಲಿ ಪತ್ರಿಕೆಯ ಮೇಲಿನ ನಿರ್ಬಂಧವನ್ನು ಅದೇ ನ್ಯಾಯಾಲಯ ತಳ್ಳಿಹಾಕಿತ್ತು. 1951ರ ಜೂನ್‌ನಲ್ಲಿ ಜಾರಿಗೆ ಬಂದ ಸಂವಿಧಾನದ ಮೊದಲ ತಿದ್ದುಪಡಿಯು ಈ ಎರಡೂ ತೀರ್ಪುಗಳಿಗೆ ಉತ್ತರವಾಗಿತ್ತು. ಹಿಂದುಳಿದ ವರ್ಗಗಳಿಗೆ ವಿಶೇಷ ಅವಕಾಶ ಕಲ್ಪಿಸುವ 15(4)ನೇ ವಿಧಿ ಸೇರಿದ್ದೂ, ವಾಕ್ ಸ್ವಾತಂತ್ರ್ಯದ ಮಿತಿಗಳಲ್ಲಿ 'ಸಾರ್ವಜನಿಕ ಸುವ್ಯವಸ್ಥೆ' ಸೇರಿದ್ದೂ, ನಿರ್ಬಂಧವು 'ಸಮಂಜಸ'ವಾಗಿರಬೇಕೆಂಬ ಷರತ್ತು ಬಂದದ್ದೂ ಒಂದೇ ತಿದ್ದುಪಡಿಯಿಂದ.

ಸುತ್ತೋಲೆ ಸಾಲದು, ಕಾನೂನು ಬೇಕು

ವಿದ್ಯಾರ್ಥಿಗಳ ಅಭಿವ್ಯಕ್ತಿಗೆ ಸಂಬಂಧಿಸಿದಂತೆ ಇಂದಿಗೂ ಮೊದಲು ಉಲ್ಲೇಖವಾಗುವುದು 1986ರ ಬಿಜೋ ಇಮ್ಯಾನುಯೆಲ್ ಪ್ರಕರಣ. ಕೇರಳದ ಶಾಲೆಯೊಂದರಲ್ಲಿ ಯೆಹೋವನ ಸಾಕ್ಷಿಗಳು ಎಂಬ ಕ್ರೈಸ್ತ ಪಂಥಕ್ಕೆ ಸೇರಿದ ಮೂವರು ಮಕ್ಕಳು ರಾಷ್ಟ್ರಗೀತೆಯ ವೇಳೆ ಗೌರವದಿಂದ ಎದ್ದು ನಿಲ್ಲುತ್ತಿದ್ದರು. ಆದರೆ ತಮ್ಮ ನಂಬಿಕೆಯ ಕಾರಣ ಹಾಡುತ್ತಿರಲಿಲ್ಲ. 1985ರಲ್ಲಿ ಅವರನ್ನು ಶಾಲೆಯಿಂದ ಹೊರಹಾಕಲಾಯಿತು.

ಸುಪ್ರೀಂ ಕೋರ್ಟ್ ಮಕ್ಕಳ ಪರ ತೀರ್ಪು ನೀಡಿತು. ಮಾತನಾಡುವ ಹಕ್ಕಿನಲ್ಲಿ ಮೌನವಾಗಿರುವ ಹಕ್ಕೂ ಸೇರಿದೆ; ಮೂಲಭೂತ ಹಕ್ಕನ್ನು ಶಾಸನಬಲವುಳ್ಳ ಕಾನೂನಿನಿಂದ ಮಾತ್ರ ಮಿತಿಗೊಳಿಸಬಹುದೇ ಹೊರತು ಇಲಾಖೆಯ ಸೂಚನೆಯಿಂದಲ್ಲ ಎಂಬುದು ತೀರ್ಪಿನ ತಿರುಳು. ತೀರ್ಪು ಬರೆದ ನ್ಯಾಯಮೂರ್ತಿ ಒ. ಚಿನ್ನಪ್ಪ ರೆಡ್ಡಿ ಅವರೇ ಮುಂದೆ ಕರ್ನಾಟಕದ ಮೂರನೇ ಹಿಂದುಳಿದ ವರ್ಗಗಳ ಆಯೋಗದ ಮುಖ್ಯಸ್ಥರಾದರು.

ಈ ತೀರ್ಪಿನಿಂದ ಹೊರಡುವ ಪ್ರಶ್ನೆಗಳು ಮೂರು. ನಿಯಮವನ್ನು ಮಾಡಿದವರಿಗೆ ಆ ಅಧಿಕಾರವನ್ನು ನೀಡಿದ ಕಾನೂನು ಯಾವುದು? ನಿರ್ಬಂಧದ ಕಾರಣ ಸಂವಿಧಾನದ ಪಟ್ಟಿಯಲ್ಲಿದೆಯೇ? ಆ ನಿಯಮ ಎಲ್ಲರಿಗೂ ಒಂದೇ ಅಳತೆಯಲ್ಲಿ ಅನ್ವಯವಾಗುತ್ತಿದೆಯೇ?

2022ರ ಸಮವಸ್ತ್ರ ವಿವಾದ

ಈ ಮೂರೂ ಪ್ರಶ್ನೆಗಳು ಕರ್ನಾಟಕದಲ್ಲಿ ಒಟ್ಟಿಗೆ ಎದುರಾದದ್ದು ಹಿಜಾಬ್ ಪ್ರಕರಣದಲ್ಲಿ. 2021ರ ಡಿಸೆಂಬರ್ ಅಂತ್ಯದಲ್ಲಿ ಉಡುಪಿಯ ಸರ್ಕಾರಿ ಬಾಲಕಿಯರ ಪದವಿಪೂರ್ವ ಕಾಲೇಜಿನಲ್ಲಿ ಹಿಜಾಬ್ ಧರಿಸಿದ ವಿದ್ಯಾರ್ಥಿನಿಯರಿಗೆ ತರಗತಿ ಪ್ರವೇಶ ನಿರಾಕರಿಸಲಾಯಿತು. ಜನವರಿಯಲ್ಲಿ ಹಲವು ಕಾಲೇಜುಗಳಲ್ಲಿ ಕೇಸರಿ ಶಾಲು ಧರಿಸಿದ ವಿದ್ಯಾರ್ಥಿಗಳ ಪ್ರತಿಭಟನೆ ಆರಂಭವಾಯಿತು.

2022ರ ಫೆಬ್ರುವರಿ 5ರಂದು ರಾಜ್ಯ ಸರ್ಕಾರ ಕರ್ನಾಟಕ ಶಿಕ್ಷಣ ಕಾಯ್ದೆ 1983ರ 133(2)ನೇ ಕಲಮಿನಡಿ ಆದೇಶ ಹೊರಡಿಸಿತು. ಅದರ ಪ್ರಕಾರ ಸರ್ಕಾರಿ ಶಾಲೆಗಳಲ್ಲಿ ಸರ್ಕಾರ ನಿಗದಿಪಡಿಸಿದ ಸಮವಸ್ತ್ರ, ಖಾಸಗಿ ಸಂಸ್ಥೆಗಳಲ್ಲಿ ಆಡಳಿತ ಮಂಡಳಿ ನಿಗದಿಪಡಿಸಿದ ಸಮವಸ್ತ್ರ, ಪದವಿಪೂರ್ವ ಕಾಲೇಜುಗಳಲ್ಲಿ ಕಾಲೇಜು ಅಭಿವೃದ್ಧಿ ಸಮಿತಿ ತೀರ್ಮಾನಿಸಿದ ಸಮವಸ್ತ್ರ ಕಡ್ಡಾಯ. ಸಮವಸ್ತ್ರವೇ ಇಲ್ಲದ ಕಡೆ ಸಮಾನತೆ, ಐಕ್ಯತೆ, ಸಾರ್ವಜನಿಕ ಸುವ್ಯವಸ್ಥೆಗೆ ಭಂಗ ತಾರದ ಉಡುಪು ಧರಿಸಬೇಕೆಂದು ಸೂಚಿಸಲಾಯಿತು.

ಫೆಬ್ರುವರಿ 8ರಂದು ಕೆಲವೆಡೆ ಉದ್ವಿಗ್ನ ಪರಿಸ್ಥಿತಿ ಉಂಟಾದ ಕಾರಣ ಮುಖ್ಯಮಂತ್ರಿ ಬಸವರಾಜ ಬೊಮ್ಮಾಯಿ ರಾಜ್ಯದಾದ್ಯಂತ ಪ್ರೌಢಶಾಲೆ, ಕಾಲೇಜುಗಳಿಗೆ ಮೂರು ದಿನ ರಜೆ ಘೋಷಿಸಿದರು. ಫೆಬ್ರುವರಿ 10ರಂದು ಹೈಕೋರ್ಟಿನ ಪೂರ್ಣಪೀಠವು ಮಧ್ಯಂತರ ಆದೇಶ ನೀಡಿ, ಸಮವಸ್ತ್ರ ನಿಗದಿಯಾಗಿರುವ ಕಾಲೇಜುಗಳ ತರಗತಿಗಳಲ್ಲಿ ಹಿಜಾಬ್, ಕೇಸರಿ ಶಾಲು, ಧಾರ್ಮಿಕ ಧ್ವಜ ಮುಂತಾದವನ್ನು ಯಾವ ಧರ್ಮದ ವಿದ್ಯಾರ್ಥಿಯೂ ಧರಿಸಬಾರದೆಂದು ತಿಳಿಸಿತು. ಫೆಬ್ರುವರಿ 16ರಂದು ಪದವಿಪೂರ್ವ ಹಾಗೂ ಪದವಿ ಕಾಲೇಜುಗಳು ಪುನಃ ತೆರೆದವು.

ಮಾರ್ಚ್ 15ರಂದು ಮುಖ್ಯ ನ್ಯಾಯಮೂರ್ತಿ ರಿತುರಾಜ್ ಅವಸ್ಥಿ, ನ್ಯಾಯಮೂರ್ತಿಗಳಾದ ಕೃಷ್ಣ ಎಸ್. ದೀಕ್ಷಿತ್ ಮತ್ತು ಜೆ.ಎಂ. ಖಾಜಿ ಅವರ ಪೀಠವು ಅಂತಿಮ ತೀರ್ಪು ನೀಡಿತು. ಹಿಜಾಬ್ ಇಸ್ಲಾಮಿನ ಅತ್ಯಗತ್ಯ ಧಾರ್ಮಿಕ ಆಚರಣೆಯಲ್ಲ, ಸಮವಸ್ತ್ರ ನಿಗದಿಯು ಸಮಂಜಸ ನಿರ್ಬಂಧ, ಸರ್ಕಾರದ ಆದೇಶವನ್ನು ಅಸಿಂಧುಗೊಳಿಸಲು ಕಾರಣವಿಲ್ಲ ಎಂದು ಪೀಠ ಅಭಿಪ್ರಾಯಪಟ್ಟಿತು. ಶಾಲೆ ಸಾಮಾನ್ಯ ಸಾರ್ವಜನಿಕ ಸ್ಥಳದಂತಲ್ಲ. ಶಿಸ್ತಿನ ಅಗತ್ಯವುಳ್ಳ ವಿಶೇಷ ಸ್ಥಳ, ಅಲ್ಲಿ ಹಕ್ಕುಗಳ ಸ್ವರೂಪವೂ ಬದಲಾಗುತ್ತದೆ ಎಂಬುದು ಅದರ ವಾದಸರಣಿ.

ಮೇಲ್ಮನವಿಯಲ್ಲಿ ಸುಪ್ರೀಂ ಕೋರ್ಟಿನ ಇಬ್ಬರು ನ್ಯಾಯಮೂರ್ತಿಗಳು 2022ರ ಅಕ್ಟೋಬರ್ 13ರಂದು ಭಿನ್ನ ತೀರ್ಪು ನೀಡಿದರು. ಸಮವಸ್ತ್ರವು ಸಮಾನತೆಯನ್ನು ಬೆಳೆಸುತ್ತದೆ ಎಂದ ನ್ಯಾಯಮೂರ್ತಿ ಹೇಮಂತ್ ಗುಪ್ತಾ ಮೇಲ್ಮನವಿಗಳನ್ನು ವಜಾಗೊಳಿಸಿದರು. ನ್ಯಾಯಮೂರ್ತಿ ಸುಧಾಂಶು ಧುಲಿಯಾ ಅವರು ಬಿಜೋ ಇಮ್ಯಾನುಯೆಲ್ ತೀರ್ಪನ್ನು ಆಧರಿಸಿ, ಇದು ವಿದ್ಯಾರ್ಥಿನಿಯ ಆಯ್ಕೆಯ ವಿಷಯ. ಆಕೆಯ ಘನತೆ ಮತ್ತು ಖಾಸಗಿತನ ಶಾಲೆಯ ಗೇಟಿನೊಳಗೂ ಉಳಿಯುತ್ತವೆ ಎಂದು ಹೇಳಿ ಫೆಬ್ರುವರಿ 5ರ ಆದೇಶವನ್ನು ರದ್ದುಪಡಿಸಿದರು. ಹೆಣ್ಣುಮಗುವೊಂದು ಶಾಲೆ ತಲುಪುವುದೇ ಕಷ್ಟವಿರುವಾಗ ಆಕೆಯ ಬದುಕನ್ನು ನಾವು ಸುಲಭಗೊಳಿಸುತ್ತಿದ್ದೇವೆಯೇ ಎಂಬುದು ಅವರು ಎತ್ತಿದ ಮುಖ್ಯ ಪ್ರಶ್ನೆ. ಪ್ರಕರಣವನ್ನು ವಿಸ್ತೃತ ಪೀಠ ರಚನೆಗಾಗಿ ಮುಖ್ಯ ನ್ಯಾಯಮೂರ್ತಿಗಳಿಗೆ ಒಪ್ಪಿಸಲಾಯಿತು. ಬಹುಮತವಿಲ್ಲದ ಕಾರಣ ಹೈಕೋರ್ಟ್ ತೀರ್ಪು ಚಾಲ್ತಿಯಲ್ಲಿ ಉಳಿಯಿತು.

ಸಮಿತಿಯ ಅಧ್ಯಕ್ಷರು ಯಾರು?

ಈ ವಿವಾದದಲ್ಲಿ ಹೆಚ್ಚು ಚರ್ಚೆಯಾಗದ ಅಂಶವೆಂದರೆ ನಿಯಮ ರೂಪಿಸುವ ಸಮಿತಿಯ ಸ್ವರೂಪ. ಪದವಿಪೂರ್ವ ಕಾಲೇಜು ಅಭಿವೃದ್ಧಿ ಸಮಿತಿಗಳು ರಚನೆಯಾದದ್ದು 2014ರ ಜನವರಿ 31ರ ಸರ್ಕಾರಿ ಸುತ್ತೋಲೆಯಿಂದ. ಅವುಗಳಿಗೆ ಸ್ಥಳೀಯ ಶಾಸಕರೇ ಅಧ್ಯಕ್ಷರು. ಅಂದರೆ ತರಗತಿಯ ಉಡುಪಿನ ನಿಯಮವನ್ನು ನಿರ್ಧರಿಸುವ ಸಭೆಯ ಮುಖ್ಯಸ್ಥರು ಚುನಾವಣೆಯಲ್ಲಿ ಮತ ಕೇಳುವವರು.

ಶಿಗ್ಗಾವಿ ಕ್ಷೇತ್ರದ ಉದಾಹರಣೆ ಇದನ್ನು ಸ್ಪಷ್ಟಪಡಿಸುತ್ತದೆ. ಸವಣೂರನ್ನೂ ಒಳಗೊಂಡ ಈ ಕ್ಷೇತ್ರದ ಶಾಸಕರು 2022ರಲ್ಲಿ ಸ್ವತಃ ಮುಖ್ಯಮಂತ್ರಿ ಬೊಮ್ಮಾಯಿ ಅವರಾಗಿದ್ದರು. 2024ರಲ್ಲಿ ಅವರು ಲೋಕಸಭೆಗೆ ಆಯ್ಕೆಯಾದ ನಂತರ ನಡೆದ ಉಪಚುನಾವಣೆಯಲ್ಲಿ ಕಾಂಗ್ರೆಸ್ಸಿನ ಯಾಸಿರ್ ಅಹ್ಮದ್ ಖಾನ್ ಪಠಾಣ್ ಗೆದ್ದರು. ಪಕ್ಷ ಬದಲಾದಂತೆ ತರಗತಿಯ ನಿಯಮವೂ ಬದಲಾಗುವುದಾದರೆ ವಿದ್ಯಾರ್ಥಿಗೆ ಸಿಗುವುದು ಹಕ್ಕಲ್ಲ, ಅನುಗ್ರಹ ಮಾತ್ರ. ರಾಜ್ಯಮಟ್ಟದಲ್ಲಿಯೂ ಇದೇ ಅನಿಶ್ಚಿತತೆ ಕಂಡುಬಂದಿತು. 2023ರ ಡಿಸೆಂಬರ್ 22ರಂದು ನಂಜನಗೂಡಿನಲ್ಲಿ ಮುಖ್ಯಮಂತ್ರಿ ಸಿದ್ದರಾಮಯ್ಯ ಹಿಜಾಬ್ ನಿರ್ಬಂಧ ಹಿಂಪಡೆಯುವುದಾಗಿ ಹೇಳಿದರು. ಮರುದಿನ ಈ ಬಗ್ಗೆ ಚಿಂತನೆ ನಡೆದಿದೆ ಎಂದಷ್ಟೇ ತಿಳಿಸಿದರು.

ನಿಯಮದ ಹರಿತ ಯಾರನ್ನು ತಾಗುತ್ತದೆ ಎಂಬುದನ್ನೂ ಮೊದಲೇ ಹೇಳಲಾಗದು. 2025ರ ಏಪ್ರಿಲ್‌ನಲ್ಲಿ ನಡೆದ ಸಾಮಾನ್ಯ ಪ್ರವೇಶ ಪರೀಕ್ಷೆಯ ವೇಳೆ ಬೀದರ್ ಮತ್ತು ಶಿವಮೊಗ್ಗದ ಕೇಂದ್ರಗಳಲ್ಲಿ ಜನಿವಾರ ತೆಗೆಯುವಂತೆ ವಿದ್ಯಾರ್ಥಿಗಳಿಗೆ ಸೂಚಿಸಿದ್ದು ವ್ಯಾಪಕ ಖಂಡನೆಗೆ ಗುರಿಯಾಯಿತು. ಬೀದರ್‌ನ ವಿದ್ಯಾರ್ಥಿಯೊಬ್ಬ ಗಣಿತ ಪರೀಕ್ಷೆಯಿಂದಲೇ ವಂಚಿತನಾದ. ತಲೆವಸ್ತ್ರವಿರಲಿ, ಜನಿವಾರವಿರಲಿ, ಗೇಟಿನ ಬಳಿ ನಿಂತ ವಿದ್ಯಾರ್ಥಿಯ ಅಸಹಾಯಕತೆ ಒಂದೇ ತೆರನಾದದ್ದು. ಮುಂಬೈನ ಚೆಂಬೂರಿನ ಕಾಲೇಜೊಂದು ಹಿಜಾಬ್, ಟೋಪಿ, ಬ್ಯಾಡ್ಜ್‌ಗಳನ್ನು ನಿಷೇಧಿಸಿ ಹೊರಡಿಸಿದ ಸುತ್ತೋಲೆಗೆ 2024ರ ಆಗಸ್ಟ್ 9ರಂದು ಭಾಗಶಃ ತಡೆ ನೀಡಿದ ಸುಪ್ರೀಂ ಕೋರ್ಟ್, ತಿಲಕ ಮತ್ತು ಬಿಂದಿಯನ್ನೂ ನಿಷೇಧಿಸುವಿರಾ ಎಂದು ಕೇಳಿದ್ದು ಇದೇ ಅರ್ಥದಲ್ಲಿ.

ಹುಬ್ಬಳ್ಳಿಯ ಪಾಠ

ಉಡುಪಿನಿಂದ ಮಾತಿನ ಕಡೆಗೆ ಬಂದರೆ, ಶಿಗ್ಗಾವಿಯಿಂದ ಹೆದ್ದಾರಿಯಲ್ಲಿ ಸುಮಾರು ಒಂದು ಗಂಟೆಯ ದೂರದ ಹುಬ್ಬಳ್ಳಿಯ ಪ್ರಕರಣ ಮುಖ್ಯವಾಗುತ್ತದೆ. 2020ರ ಫೆಬ್ರುವರಿಯಲ್ಲಿ ಎಂಜಿನಿಯರಿಂಗ್ ಕಾಲೇಜೊಂದರ ಮೂವರು ಕಾಶ್ಮೀರಿ ವಿದ್ಯಾರ್ಥಿಗಳನ್ನು ಪಾಕಿಸ್ತಾನ ಪರ ವಿಡಿಯೊ ಹರಿಬಿಟ್ಟ ಆರೋಪದ ಮೇಲೆ ರಾಜದ್ರೋಹದ ಕಲಮಿನಡಿ ಬಂಧಿಸಲಾಯಿತು. ಇವರ ಪರ ಯಾರೂ ವಕಾಲತ್ತು ವಹಿಸಬಾರದೆಂದು ಹುಬ್ಬಳ್ಳಿ ವಕೀಲರ ಸಂಘ ನಿರ್ಣಯ ಕೈಗೊಂಡಿತು.

ಆಗ ಮುಖ್ಯ ನ್ಯಾಯಮೂರ್ತಿಯಾಗಿದ್ದ ಅಭಯ್ ಎಸ್. ಓಕಾ ಅವರ ನೇತೃತ್ವದ ಹೈಕೋರ್ಟ್ ಪೀಠ ಈ ನಿರ್ಣಯವನ್ನು ತೀವ್ರವಾಗಿ ಆಕ್ಷೇಪಿಸಿ, ಜಾಮೀನು ಅರ್ಜಿ ಸಲ್ಲಿಸಲು ತೆರಳುವ ವಕೀಲರಿಗೆ ಪೊಲೀಸ್ ರಕ್ಷಣೆ ಒದಗಿಸಲು ಆದೇಶಿಸಿತು. ಇಂತಹ ನಿರ್ಣಯಗಳು ಕಾನೂನುಬಾಹಿರ ಎಂದು ಸುಪ್ರೀಂ ಕೋರ್ಟ್ 2010ರಲ್ಲಿಯೇ ಹೇಳಿತ್ತು. ನಿಗದಿತ ಅವಧಿಯೊಳಗೆ ದೋಷಾರೋಪ ಪಟ್ಟಿ ಸಲ್ಲಿಕೆಯಾಗದ ಕಾರಣ 2020ರ ಜೂನ್‌ನಲ್ಲಿ ವಿದ್ಯಾರ್ಥಿಗಳಿಗೆ ಜಾಮೀನು ದೊರೆಯಿತು.

ಇಲ್ಲಿ ವಿದ್ಯಾರ್ಥಿಗಳ ಮಾತನ್ನು ಯಾರೂ ಮೆಚ್ಚಬೇಕಿರಲಿಲ್ಲ. ಮೆಚ್ಚಲಾಗದ ಮಾತನಾಡಿದವನಿಗೂ ವಕೀಲ, ಜಾಮೀನು, ವಿಚಾರಣೆಗಳು ಇತರರಂತೆಯೇ ದೊರೆಯಬೇಕು ಎಂಬುದೇ 14ನೇ ವಿಧಿಯ ಸಮಾನ ರಕ್ಷಣೆ. ಮೈಸೂರಿನ ನಿವೃತ್ತ ಮೇಜರ್ ಜನರಲ್ ಎಸ್.ಜಿ. ವೊಂಬತ್ಕೆರೆ ಮತ್ತಿತರರ ಅರ್ಜಿಗಳ ವಿಚಾರಣೆಯಲ್ಲಿ ಸುಪ್ರೀಂ ಕೋರ್ಟ್ 2022ರ ಮೇ 11ರಂದು ರಾಜದ್ರೋಹ ಕಲಮನ್ನು ತಡೆಹಿಡಿಯಿತು. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆಯಲ್ಲಿ 'ರಾಜದ್ರೋಹ' ಎಂಬ ಪದವಿಲ್ಲ. ದೇಶದ ಸಾರ್ವಭೌಮತ್ವ, ಐಕ್ಯತೆಗೆ ಅಪಾಯ ತರುವ ಕೃತ್ಯಗಳನ್ನು 152ನೇ ಕಲಂ ಶಿಕ್ಷಾರ್ಹಗೊಳಿಸಿದೆ.

ಮಾತು ಯಾವಾಗ ಅಪರಾಧ?

ನೇರ ನುಡಿಗೆ ಹಾವೇರಿ ಸೀಮೆಯಲ್ಲಿ ದೀರ್ಘ ಪರಂಪರೆಯಿದೆ. ಕುಲದ ಹಿರಿಮೆಯನ್ನು ಪ್ರಶ್ನಿಸಿದ ಕನಕದಾಸರ ಬಾಡ, ಬ್ರಾಹ್ಮಣ ಗುರುವಿನ ಮುಸ್ಲಿಂ ಶಿಷ್ಯರಾದ ಶರೀಫರ ಶಿಶುನಾಳ ಎರಡೂ ಶಿಗ್ಗಾವಿ ತಾಲ್ಲೂಕಿನವು. ಸರ್ವಜ್ಞನ ಹೆಸರಿನೊಡನೆ ಬೆಸೆದ ಅಬಲೂರು ಹಿರೇಕೆರೂರಿಗೆ ಸೇರಿದ್ದು. ಆದರೆ ಮೇಲಿನವರನ್ನು ಪ್ರಶ್ನಿಸುವ ಮಾತೂ ಕೆಳಗಿನವರನ್ನು ಹೀಯಾಳಿಸುವ ಮಾತೂ ಒಂದೇ ಅಲ್ಲ.

1973ರ ನವೆಂಬರ್‌ನ 'ಬೂಸಾ ಪ್ರಕರಣ' ಇದರ ಸಾಕ್ಷಿ. ಕನ್ನಡ ಸಾಹಿತ್ಯದಲ್ಲಿ ಬೂಸಾ ಇದೆ ಎಂದು ಸಚಿವ ಬಿ. ಬಸವಲಿಂಗಪ್ಪ ಮೈಸೂರಿನಲ್ಲಿ ಆಡಿದ ಮಾತಿನ ವಿರುದ್ಧ ಕಾಲೇಜುಗಳಲ್ಲಿ ಪ್ರತಿಭಟನೆ ಭುಗಿಲೆದ್ದಿತು. ಮಾತನ್ನು ಟೀಕಿಸುವ ಹಕ್ಕು ಪ್ರತಿಭಟನಕಾರರಿಗಿತ್ತು. ಆದರೆ ಪ್ರತಿಭಟನೆ ದಲಿತ ವಿದ್ಯಾರ್ಥಿಗಳ ಮೇಲಿನ ಹಲ್ಲೆಯ ರೂಪ ತಾಳಿತು. ಬಸವಲಿಂಗಪ್ಪ ರಾಜೀನಾಮೆ ನೀಡಬೇಕಾಯಿತು. ದಲಿತ ಸಂಘರ್ಷ ಸಮಿತಿಯ ಹುಟ್ಟಿಗೆ ಈ ಘಟನೆಯೂ ಪ್ರೇರಣೆಯಾಯಿತು. ಮಾತಿನ ಸ್ವಾತಂತ್ರ್ಯಕ್ಕೆ ರಕ್ಷಣೆಯಿಲ್ಲದಾಗ ಮೊದಲು ಪೆಟ್ಟು ತಿನ್ನುವವರು ಬಲವಿಲ್ಲದವರು ಎಂಬುದನ್ನು ಅದು ತೋರಿಸಿಕೊಟ್ಟಿತು.

ಪರಿಶಿಷ್ಟ ಜಾತಿ ಅಥವಾ ಪಂಗಡದ ವ್ಯಕ್ತಿಯನ್ನು ಸಾರ್ವಜನಿಕರ ಕಣ್ಣೆದುರು ಅವಮಾನಿಸುವ ಉದ್ದೇಶದಿಂದ ನಿಂದಿಸುವುದು 1989ರ ದೌರ್ಜನ್ಯ ತಡೆ ಕಾಯ್ದೆಯಡಿ ಅಪರಾಧ. ಜಾತಿ ಹೆಸರು ಹಿಡಿದು ಬೈಯುವುದೂ ಅದರಲ್ಲಿ ಸೇರಿದೆ. ರ‍್ಯಾಗಿಂಗ್ ಅನ್ನು ತಮಾಷೆಯೆಂದು ಸಮರ್ಥಿಸುವಂತಿಲ್ಲ. ಧರ್ಮ, ಜಾತಿ, ಭಾಷೆಗಳ ಆಧಾರದಲ್ಲಿ ವೈರ ಬೆಳೆಸುವ ಮಾತು ಸಂಹಿತೆಯ 196ನೇ ಕಲಮಿನ ವ್ಯಾಪ್ತಿಗೆ ಬರುತ್ತದೆ.

ಇನ್ನೊಂದೆಡೆ, ಪ್ರತಿ ಅಪ್ರಿಯ ಮಾತಿಗೂ ಪೊಲೀಸ್ ಠಾಣೆ ಉತ್ತರವಲ್ಲ. 2025ರ ಮಾರ್ಚ್ 28ರಂದು ಇಮ್ರಾನ್ ಪ್ರತಾಪ್‌ಗಢಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ಮೂರರಿಂದ ಏಳು ವರ್ಷದೊಳಗಿನ ಶಿಕ್ಷೆಯ ಮಾತಿನ ಅಪರಾಧಗಳಲ್ಲಿ ಎಫ್‌ಐಆರ್‌ಗೆ ಮುನ್ನ ಪ್ರಾಥಮಿಕ ವಿಚಾರಣೆ ನಡೆಸುವುದು ಸೂಕ್ತವೆಂದಿತು. ಮಾತಿನ ಪರಿಣಾಮವನ್ನು ಸದಾ ಅಭದ್ರತೆಯಿಂದ ನರಳುವವರ ಅಳತೆಯಿಂದಲ್ಲ, ದೃಢಮನಸ್ಸಿನ ವಿವೇಕಿಯ ಅಳತೆಯಿಂದ ಅಳೆಯಬೇಕೆಂದೂ ಹೇಳಿತು. ಈ ತೀರ್ಪು ಬರೆದವರು ಹುಬ್ಬಳ್ಳಿ ಪ್ರಕರಣದಲ್ಲಿ ಮಧ್ಯಪ್ರವೇಶಿಸಿದ್ದ ನ್ಯಾಯಮೂರ್ತಿ ಓಕಾ ಅವರೇ.

ಖಾಸಗಿ ಕಾಲೇಜು ಮತ್ತು ವಿದ್ಯಾರ್ಥಿ ಸಂಘ

ಮೂಲಭೂತ ಹಕ್ಕುಗಳು ಮುಖ್ಯವಾಗಿ ಸರ್ಕಾರದ ವಿರುದ್ಧ ಚಲಾಯಿಸುವಂಥವು. ಸರ್ಕಾರಿ ಪ್ರಥಮ ದರ್ಜೆ ಕಾಲೇಜುಗಳು ನೇರವಾಗಿ ಇದಕ್ಕೆ ಒಳಪಡುತ್ತವೆ. ಖಾಸಗಿಯವರ ವಿರುದ್ಧವೂ 19 ಮತ್ತು 21ನೇ ವಿಧಿಗಳ ಹಕ್ಕು ಪ್ರತಿಪಾದಿಸಬಹುದೆಂದು 2023ರ ಜನವರಿ 3ರಂದು ಕೌಶಲ್ ಕಿಶೋರ್ ಪ್ರಕರಣದಲ್ಲಿ ಸಂವಿಧಾನ ಪೀಠದ ಬಹುಮತ ಹೇಳಿತು. ಆದರೂ ಖಾಸಗಿ ಕಾಲೇಜಿನ ವಿದ್ಯಾರ್ಥಿಗೆ ಶಾಸನ ಹಾಗೂ ವಿಶ್ವವಿದ್ಯಾಲಯ ಅನುದಾನ ಆಯೋಗದ ನಿಯಮಗಳೇ ಹತ್ತಿರದ ದಾರಿ.

ವಿದ್ಯಾರ್ಥಿ ಸಂಘದ ಚುನಾವಣೆಗಳಿಗೆ ಲಿಂಗ್ಡೊ ಸಮಿತಿಯ ಶಿಫಾರಸುಗಳನ್ನು ಸುಪ್ರೀಂ ಕೋರ್ಟ್ 2006ರಲ್ಲಿ ಜಾರಿಗೊಳಿಸಿತಾದರೂ, ಕರ್ನಾಟಕದ ಕಾಲೇಜುಗಳಲ್ಲಿ ದಶಕಗಳ ಕಾಲ ನೇರ ಚುನಾವಣೆ ನಡೆದಿಲ್ಲ. ವಿದ್ಯಾರ್ಥಿಗಳ ದೂರನ್ನು ಮುಂದಿಡುವ ಚುನಾಯಿತ ದನಿ ಇಲ್ಲದಿರುವಾಗ ಲಿಖಿತ ದೂರಿನ ವ್ಯವಸ್ಥೆಯ ಮಹತ್ವ ಇನ್ನೂ ಹೆಚ್ಚುತ್ತದೆ.

ದೂರು ಸಲ್ಲಿಸುವುದು ಎಲ್ಲಿ?

* ನಿಯಮದ ಪ್ರತಿ: ಸರ್ಕಾರಿ ಕಾಲೇಜು ಯಾವುದೇ ನಿರ್ಬಂಧ ವಿಧಿಸಿದಾಗ ಅದರ ಲಿಖಿತ ಆದೇಶ, ಸಭೆಯ ನಡಾವಳಿಗಳನ್ನು ಮಾಹಿತಿ ಹಕ್ಕು ಕಾಯ್ದೆ 2005ರಡಿ 10 ರೂಪಾಯಿ ಶುಲ್ಕದೊಡನೆ ಕೇಳಬಹುದು. 30 ದಿನಗಳಲ್ಲಿ ಉತ್ತರ ಸಿಗಬೇಕು.

* ಕುಂದುಕೊರತೆ ಸಮಿತಿ: ಆಯೋಗದ 2023ರ ನಿಯಮಾವಳಿಯಂತೆ ಪದವಿ ಕಾಲೇಜುಗಳಲ್ಲಿ ವಿದ್ಯಾರ್ಥಿ ಕುಂದುಕೊರತೆ ಪರಿಹಾರ ಸಮಿತಿ ಇರಬೇಕು, ಅದರಲ್ಲಿ ಮಹಿಳೆಗೂ ಪರಿಶಿಷ್ಟ ಅಥವಾ ಹಿಂದುಳಿದ ವರ್ಗಕ್ಕೂ ಪ್ರಾತಿನಿಧ್ಯ ಕಡ್ಡಾಯ. ಸಮಿತಿ 15 ಕೆಲಸದ ದಿನಗಳಲ್ಲಿ ವರದಿ ನೀಡಬೇಕು. ತೃಪ್ತಿಯಾಗದಿದ್ದರೆ ವಿಶ್ವವಿದ್ಯಾಲಯದ ಲೋಕಪಾಲರಿಗೆ ಮೇಲ್ಮನವಿ ಸಲ್ಲಿಸಬಹುದು.

* ಜಾತಿ, ಧರ್ಮದ ತಾರತಮ್ಯ: 2012ರ ಸಮಾನತೆ ನಿಯಮಾವಳಿಯಂತೆ ಸಮಾನ ಅವಕಾಶ ಘಟಕ ಹಾಗೂ ತಾರತಮ್ಯ ವಿರೋಧಿ ಅಧಿಕಾರಿ ಇರಬೇಕು. ಇದರ ಬದಲಿಗೆ 2026ರ ಜನವರಿಯಲ್ಲಿ ಹೊರಡಿಸಿದ ಹೊಸ ನಿಯಮಾವಳಿಗೆ ಅದೇ ತಿಂಗಳ 29ರಂದು ತಡೆ ನೀಡಿದ ಸುಪ್ರೀಂ ಕೋರ್ಟ್, 2012ರ ನಿಯಮಾವಳಿಯೇ ಮುಂದುವರಿಯಬೇಕೆಂದು ಸೂಚಿಸಿತು.

* ಲೈಂಗಿಕ ಕಿರುಕುಳ: ಆಯೋಗದ 2015ರ ನಿಯಮಾವಳಿಯಂತೆ ಆಂತರಿಕ ದೂರು ಸಮಿತಿಗೆ ದೂರು ನೀಡಬಹುದು.

* ರ‍್ಯಾಗಿಂಗ್: ಕಾಲೇಜಿನ ರ‍್ಯಾಗಿಂಗ್ ವಿರೋಧಿ ಸಮಿತಿಗೆ ಅಥವಾ ದಿನದ 24 ಗಂಟೆಯೂ ಲಭ್ಯವಿರುವ 1800-180-5522 ರಾಷ್ಟ್ರೀಯ ಸಹಾಯವಾಣಿಗೆ ತಿಳಿಸಬಹುದು.

* ಉಚಿತ ಕಾನೂನು ನೆರವು: ತಾಲ್ಲೂಕು ಕಾನೂನು ಸೇವಾ ಸಮಿತಿಗಳಲ್ಲಿ ಮಹಿಳೆಯರು, ಮಕ್ಕಳು, ಪರಿಶಿಷ್ಟ ಜಾತಿ ಮತ್ತು ಪಂಗಡದವರು ಆದಾಯದ ಮಿತಿಯಿಲ್ಲದೆ ಉಚಿತ ವಕೀಲರನ್ನು ಪಡೆಯಲು ಅರ್ಹರು.

* ಹೈಕೋರ್ಟ್: 226ನೇ ವಿಧಿಯಡಿ ರಿಟ್ ಅರ್ಜಿ ಸಲ್ಲಿಸಲು ಹಾವೇರಿ ಜಿಲ್ಲೆಯವರು ಬೆಂಗಳೂರಿಗೆ ಹೋಗಬೇಕಿಲ್ಲ, ಜಿಲ್ಲೆ ಧಾರವಾಡ ಪೀಠದ ವ್ಯಾಪ್ತಿಯಲ್ಲಿದೆ.

ವಾಕ್ ಸ್ವಾತಂತ್ರ್ಯವನ್ನೂ ಸಮಾನ ರಕ್ಷಣೆಯನ್ನೂ ಎದುರಾಳಿಗಳೆಂಬಂತೆ ನೋಡುವ ರೂಢಿ ಬೆಳೆದಿದೆ. ಆದರೆ ಉಡುಪಿಯ ವಿದ್ಯಾರ್ಥಿನಿ, ಬೀದರ್‌ನ ವಿದ್ಯಾರ್ಥಿ, ಹುಬ್ಬಳ್ಳಿಯ ಕಾಶ್ಮೀರಿ ಯುವಕರು, 1973ರ ದಲಿತ ವಿದ್ಯಾರ್ಥಿಗಳು ಎಲ್ಲರೂ ಕೇಳಿದ್ದು ಒಂದನ್ನೇ: ತಮ್ಮನ್ನು ತಡೆಯುವ ನಿಯಮಕ್ಕೆ ಕಾನೂನಿನ ಆಧಾರವಿರಲಿ, ಅದು ಇತರರಿಗೂ ಅದೇ ರೀತಿ ಅನ್ವಯವಾಗಲಿ. ತನಗೆ ಇಷ್ಟವಿಲ್ಲದ ವಿದ್ಯಾರ್ಥಿಯ ವಿಷಯದಲ್ಲಿ ಕಾಲೇಜು ಈ ಎರಡು ಮಾತುಗಳನ್ನು ಪಾಲಿಸಿದಾಗ ಮಾತ್ರ ಇಷ್ಟವಾದವರ ಹಕ್ಕೂ ಸುರಕ್ಷಿತವಾಗಿರುತ್ತದೆ.